ಮಗು ಸಾಕ್ಷಿಯಲ್ಲ

ಮೊನ್ನೆ ಚಿಂತಾಮಣಿ ಕಡೆಯ ದೂರದ ನೆಂಟನೊಬ್ಬ ಶಿಡ್ಲಘಟ್ಟದ ನಮ್ಮ ಮನೆಗೆ ಬಂದಿದ್ದ. ನಾನು ಬಹಳ ವರ್ಷ ವಕೀಲರೊಬ್ಬರ ಬಳಿ ಗುಮಾಸ್ತನಾಗಿದ್ದವನು. ಕೋರ್ಟಿನ ವಿಚಾರ ಬಂದರೆ ನೆಂಟರು ಮೊದಲು ನನ್ನನ್ನೇ ಹುಡುಕಿಕೊಂಡು ಬರುತ್ತಾರೆ. ಕಾಫಿ ಲೋಟ ಹಿಡಿದು ಬಹಳ ಹೊತ್ತು ಸುಮ್ಮನಿದ್ದವನು, "ಅಣ್ಣಾ, ನನ್ನ ಹೆಂಡ್ತಿ ಮೇಲೆ ಅನುಮಾನ. ಮಗೂಗೆ ಡಿಎನ್‌ಎ ಟೆಸ್ಟ್ ಮಾಡಿಸಿದ್ರೆ ಡೈವೋರ್ಸ್ ಸಿಗುತ್ತಲ್ವಾ?" ಎಂದ. ಮಗುವಿಗೆ ನಾಲ್ಕು ವರ್ಷ.

ತಿಳಿದಷ್ಟು ಹೇಳಿದೆ. 1955ರ ಹಿಂದೂ ವಿವಾಹ ಕಾಯ್ದೆಯಲ್ಲಿ ಮೊದಲು ಸಂಗಾತಿ 'ವ್ಯಭಿಚಾರದಲ್ಲಿ ಬದುಕುತ್ತಿದ್ದರೆ' ಮಾತ್ರ ಈ ಕಾರಣಕ್ಕೆ ವಿಚ್ಛೇದನ ಸಿಗುತ್ತಿತ್ತು. 1976ರ ತಿದ್ದುಪಡಿಯ ನಂತರ, ಮದುವೆಯಾದ ಮೇಲೆ ಸ್ವಇಚ್ಛೆಯಿಂದ ಬೇರೊಬ್ಬರನ್ನು ಒಮ್ಮೆ ಕೂಡಿದರೂ ಸಾಕು. ಗಂಡನಿಗೂ ಹೆಂಡತಿಗೂ ಒಂದೇ ನಿಯಮ. 2018ರಲ್ಲಿ ಸುಪ್ರೀಂ ಕೋರ್ಟ್ ದಂಡಸಂಹಿತೆಯ 497ನೇ ಕಲಮನ್ನು ರದ್ದು ಮಾಡಿದ್ದರಿಂದ ವ್ಯಭಿಚಾರ ಅಪರಾಧವಾಗಿ ಉಳಿದಿಲ್ಲ. ವಿಚ್ಛೇದನಕ್ಕೆ ಕಾರಣವಾಗಿ ಉಳಿದಿದೆ.

ಮುಚ್ಚಿದ ಬಾಗಿಲ ಹಿಂದೆ ನಡೆದದ್ದಕ್ಕೆ ಕಣ್ಣಾರೆ ಕಂಡವರು ಎಲ್ಲಿ ಸಿಗುತ್ತಾರೆ? ಕೋರ್ಟು ಅಂಥ ಸಾಕ್ಷಿಯೇ ಬೇಕೆಂದು ಹಟ ಹಿಡಿಯುವುದಿಲ್ಲ. ಸಂದರ್ಭಗಳನ್ನೆಲ್ಲ ಒಟ್ಟಿಗಿಟ್ಟು ನೋಡಿದಾಗ ತಕ್ಕಡಿ ಯಾವ ಕಡೆ ವಾಲುತ್ತದೆ ಎಂದು ನೋಡುತ್ತದೆ. ಕೌಟುಂಬಿಕ ಮೊಕದ್ದಮೆಗೆ ಅಷ್ಟು ಸಾಕೆಂದು ಸುಪ್ರೀಂ ಕೋರ್ಟ್ 1975ರ ದಾಸ್ತಾನೆ ಪ್ರಕರಣದಲ್ಲೇ ಹೇಳಿದೆ.

ತೊಡಕಿರುವುದು ಪುರಾವೆಯನ್ನು ಎಲ್ಲಿಂದ ತರುತ್ತೇವೆ ಎಂಬುದರಲ್ಲಿ. ಕಕ್ಷಿದಾರನೇ ಅಲ್ಲದ ಮೂರನೆಯವನ ಮೊಬೈಲ್ ಟವರ್ ವಿವರ ತರಿಸುವುದು ಅವನ ಖಾಸಗಿತನಕ್ಕೆ ಧಕ್ಕೆ ಎಂದು ನಮ್ಮ ಹೈಕೋರ್ಟು 2022ರಲ್ಲಿ ಹೇಳಿತು. ಡಿಎನ್‌ಎ ವಿಚಾರದಲ್ಲಿ ಸುಪ್ರೀಂ ಕೋರ್ಟಿನ ತೀರ್ಪುಗಳೂ ಒಂದೇ ದಾರಿಯಲ್ಲಿಲ್ಲ. 2014ರ ಒಂದು ಪ್ರಕರಣದಲ್ಲಿ ಗಂಡನ ಆರೋಪ ಪರೀಕ್ಷಿಸಲು ಅದಕ್ಕೆ ಒಪ್ಪಿತು. 2023ರಲ್ಲಿ, ವ್ಯಭಿಚಾರದ ಆರೋಪವಿದೆ ಎಂದ ಮಾತ್ರಕ್ಕೆ ಮಗುವಿನ ಪರೀಕ್ಷೆ ಮಾಡಿಸುವಂತಿಲ್ಲ, ಬೇರೆ ಪುರಾವೆ ತನ್ನಿ ಎಂದಿತು. ಗಂಡ ಹೆಂಡತಿ ಕೂಡುವ ಅವಕಾಶವೇ ಇರಲಿಲ್ಲ ಎಂದು ತೋರಿಸದ ಹೊರತು, ಮದುವೆಯಲ್ಲಿ ಹುಟ್ಟಿದ ಮಗು ಆ ಗಂಡನದೇ ಎನ್ನುತ್ತದೆ ಸಾಕ್ಷ್ಯ ಕಾನೂನು.

ಹಾಗಾದರೆ ಮೋಸಹೋದವನಿಗೆ ಸತ್ಯ ಬೇಡವೇ? ಬೇಕು. ಅವನ ಸಂಕಟ ಸುಳ್ಳಲ್ಲ. ನಂಬಿಕೆ ಮುರಿದ ಮನೆಯಲ್ಲಿ ಇರಲೇಬೇಕೆಂದು ಯಾರೂ ಯಾರನ್ನೂ ಕಟ್ಟಿಹಾಕುವಂತಿಲ್ಲ. ಆದರೆ ಜಗಳ ಇಬ್ಬರ ನಡುವಿನದು. ಆ ಮದುವೆಗೆ ಸಹಿ ಹಾಕದ, ಮಾತು ಕೊಡದ, ಮಾತು ಮುರಿಯದ ಮೂರನೆಯ ಜೀವದ ಮೈಯಿಂದ ಪುರಾವೆ ತೆಗೆಯುವುದು ಯಾವ ನ್ಯಾಯ? ನಮ್ಮೂರಲ್ಲಿ ರೇಷ್ಮೆ ಬಿಚ್ಚಾಣಿಕೆ ನೋಡುತ್ತಲೇ ಬೆಳೆದವನು ನಾನು. ಗೂಡನ್ನು ಕುದಿನೀರಿಗೆ ಹಾಕಿದರೆ ಎಳೆ ಸಿಗುತ್ತದೆ. ಒಳಗಿನ ಹುಳು ಉಳಿಯುವುದಿಲ್ಲ.

"ರಿಪೋರ್ಟು ನಿನ್ನದಲ್ಲ ಅಂತ ಬಂತು ಅಂತಿಟ್ಟುಕೋ. ಅವತ್ತು ಸಂಜೆ ಮನೆಗೆ ಹೋಗಿ ಏನು ಮಾಡ್ತೀಯಪ್ಪಾ?" ಎಂದು ಕೇಳಿದೆ.

ಲೋಟ ಕೆಳಗಿಟ್ಟ. "ಅವನಂತೂ ಅಪ್ಪಾ ಅಂತ ಓಡಿ ಬರ್ತಾನೆ ಅಣ್ಣಾ. ಅವನಿಗೇನು ಗೊತ್ತು?" ಎಂದ.

ಕೇಸು ಹಾಕಬೇಡ ಎಂದು ನಾನು ಹೇಳಲಿಲ್ಲ. ಹೇಳುವ ಹಕ್ಕೂ ನನಗಿಲ್ಲ. ಮಗುವನ್ನು ಮಾತ್ರ ಅದರೊಳಕ್ಕೆ ಎಳೆಯಬೇಡ ಎಂದೆ. ಉತ್ತರ ಕೊಡದೆ ಬಸ್ ಸ್ಟ್ಯಾಂಡ್ ಕಡೆ ಹೊರಟ.