ಚಳಿಗೆ ಬಿಟ್ಟ ಗಿಡ

ಗುಂಡ್ಲುಪೇಟೆಯಲ್ಲಿ ಚಳಿ ಎಂದರೆ ಧನುರ್ಮಾಸದ ಬೆಳಗಿನ ಒಂದೆರಡು ಗಂಟೆಯ ಮಾತು. ಗೋಪಾಲಸ್ವಾಮಿ ಬೆಟ್ಟದ ಕಡೆಯಿಂದ ಮಂಜು ಇಳಿದರೆ ನಾವು ಸೆರಗನ್ನು ತಲೆಗೆ ಹೊದ್ದು ರಂಗೋಲಿ ಹಾಕುತ್ತೇವೆ, ಗಂಡಸರು ಮಂಕಿ ಕ್ಯಾಪು ಹುಡುಕುತ್ತಾರೆ. ಒಂಬತ್ತು ಗಂಟೆಗೆಲ್ಲ ಬಿಸಿಲು ಚುರುಗುಟ್ಟಿ ಎಲ್ಲ ಮರೆತುಹೋಗುತ್ತದೆ. ಇಷ್ಟು ಚಳಿ ಮಾತ್ರ ಕಂಡಿದ್ದ ನಾನು 2023ರ ಜನವರಿಯಲ್ಲಿ ಮಗಳ ಬಾಣಂತನಕ್ಕೆಂದು ಕೆನಡಾದ ಒಟ್ಟಾವಾಕ್ಕೆ ಹೋದೆ. ಅಲ್ಲಿ ರಾತ್ರಿ ಸೊನ್ನೆಗಿಂತ ಹದಿನೈದು ಡಿಗ್ರಿ ಕೆಳಗಿಳಿಯುವುದು ಸುದ್ದಿಯೇ ಅಲ್ಲ.

ಬಾಣಂತನವೆಂದರೆ ಬೆಚ್ಚಗಿಡುವ ಕೆಲಸ ತಾನೆ? ತಾಯಿಯ ಕಿವಿಗೆ ಹತ್ತಿ, ಮಗುವಿಗೆ ಟೋಪಿ, ಕುಡಿಯಲು ಬಿಸಿನೀರು. ಹೀಗಿರುವಾಗ ಒಂದು ದಿನ ಅಡಿಗೆಮನೆಯ ಪಕ್ಕದ ಬಾಗಿಲು ತೆಗೆದು ಗ್ಯಾರೇಜಿಗೆ ಇಣುಕಿದೆ. ಕತ್ತಲಲ್ಲಿ, ಕಾರಿನ ಹಿಂದೆ ಎರಡು ಕುಂಡಗಳು. ಎಲೆಯಿಲ್ಲದ ಬರಿ ಕಡ್ಡಿಗಳು. ಕುಂಡಕ್ಕೆ ಹಳೆ ಕಂಬಳಿ ಸುತ್ತಿತ್ತು, ಕೊಂಬೆಗಳಿಗೆ ಮಾತ್ರ ಏನೂ ಇಲ್ಲ.

ಅವು ಹೇಝಲ್‌ನಟ್ ಗಿಡಗಳು. ಚಾಕೊಲೇಟಿನೊಳಗೆ ಕಟುಂ ಎಂದು ಹಲ್ಲಿಗೆ ಸಿಗುತ್ತದಲ್ಲ, ದುಂಡನೆಯ ಬೀಜ, ಅದು. ನಮ್ಮ ದೇಶದಲ್ಲೂ ಹಿಮಾಲಯದ ಕಡೆ ಬೆಳೆಯುತ್ತದೆ. ಹಿಮಾಚಲದ ಪಾಂಗಿ ಕಣಿವೆಯವರು ಅದನ್ನು ಥಾಂಗಿ ಎನ್ನುತ್ತಾರೆಂದು ಮಗಳು ಹೇಳಿದಾಗ ನನ್ನ ಕಿವಿಗೆ ‘ತಂಗಿ’ ಎಂದೇ ಬಿತ್ತು. ಬಾಡಿಗೆ ಮನೆ, ನೆಲದಲ್ಲಿ ನೆಟ್ಟರೆ ಮನೆ ಬಿಡುವಾಗ ಬಿಟ್ಟುಹೋಗಬೇಕು, ಅದಕ್ಕೇ ಕುಂಡ. ಎರಡೇಕೆಂದರೆ ಈ ಗಿಡ ತನ್ನ ಪರಾಗದಿಂದ ತಾನೇ ಕಾಯಿ ಕಟ್ಟುವುದಿಲ್ಲ. ಬೇರೆ ತಳಿಯದು ಹತ್ತಿರದಲ್ಲಿರಬೇಕು, ಗಾಳಿ ಒಂದರ ಪರಾಗವನ್ನು ಇನ್ನೊಂದಕ್ಕೆ ಒಯ್ಯಬೇಕು.

ಇದನ್ನೆಲ್ಲ ತಿಳಿದದ್ದು ಆಮೇಲೆ. ಅವತ್ತು ನನಗೆ ಕಂಡದ್ದು ನಡುಗುತ್ತಿರುವ ಎರಡು ಜೀವ. ಚಿಕ್ಕ ಕುಂಡವನ್ನು ಹೇಗೋ ಎಳೆದು ತಂದು ಅಡಿಗೆಮನೆಯ ಕಿಟಕಿಯ ಬಳಿ ಇಟ್ಟೆ. ಬಾಣಂತಿ ಮಹಡಿಯ ಮೇಲಿದ್ದಳು. ಅಳಿಯಂದಿರು ನೋಡಿದರೂ, ಹೆಂಡತಿ ಹೇಳಿರಬೇಕು ಎಂದುಕೊಂಡು ಸುಮ್ಮನಾದರು. ಕೆಲವು ದಿನಕ್ಕೆ ಕೊಂಬೆಯಲ್ಲಿ ಬಿಗಿದುಕೊಂಡಿದ್ದ ಗಂಡು ಹೂಗೊಂಚಲು ಜುಮಕಿಯಂತೆ ಇಳಿಬಿದ್ದು ಹಳದಿ ಪುಡಿ ಉದುರಿಸಿತು. ಆಮೇಲೆ ಚಿಗುರು! ನನ್ನ ಹಿಗ್ಗು ಕೇಳಬೇಡಿ. ಮಗಳ ಕೈ ಹಿಡಿದು ಕೆಳಗಿಳಿಸಿ ತೋರಿಸಿದೆ.

ಅವಳ ಮುಖ ಬಾಡಿತು. “ಅಮ್ಮಾ, ಹೊರಗೆ ಇನ್ನೂ ಎರಡು ತಿಂಗಳು ಚಳಿಯಿದೆ. ಈ ಎಲೆಯನ್ನ ಈಗ ಎಲ್ಲಿಗೆ ಕಳಿಸಲಿ?”

ಕಾಶ್ಮೀರದ ಸೇಬಿನಂತೆ ಈ ಗಿಡಕ್ಕೂ ಹಲವು ನೂರು ಗಂಟೆ ಚಳಿ ಉಣ್ಣಲೇಬೇಕಂತೆ. ಆ ಲೆಕ್ಕ ತುಂಬಿದ ಮೇಲೆ ಬಿಸಿ ತಗುಲಿದರೆ ವಸಂತ ಬಂತೆಂದು ನಂಬಿ ಚಿಗುರಿಬಿಡುತ್ತದೆ. ನನ್ನ ಅಡಿಗೆಮನೆ ಅದಕ್ಕೆ ಸುಳ್ಳು ಹೇಳಿತ್ತು. ಆ ವರ್ಷ ಗ್ಯಾರೇಜಿನ ಗಿಡ ಮಾರ್ಚಿಯ ಹೊತ್ತಿಗೆ ಕೆಂಪು ಎಳೆಯಂಥ ಹೆಣ್ಣು ಹೂ ಬಿಟ್ಟು ಕಾದಿತು. ಜೊತೆಯದರ ಪರಾಗ ಎಂದೋ ಉದುರಿಹೋಗಿತ್ತು. ಒಂದು ಕಾಯಿಯೂ ಕಟ್ಟಲಿಲ್ಲ.

ಮಗಳು ಬೈಯಲಿಲ್ಲ. ರಾತ್ರಿ ಮಗುವಿಗೆ ಹಾಲು ಕೊಡುತ್ತಾ, “ಹಾಸ್ಟೆಲಿನಿಂದ ನನ್ನನ್ನೂ ಹೀಗೇ ಕರೆತಂದೆಯಲ್ಲಮ್ಮ” ಎಂದಳು. ಪಿಯುಸಿಗೆ ಮೈಸೂರಿನಲ್ಲಿ ಬಿಟ್ಟಿದ್ದೆವು. ಫೋನಿನಲ್ಲಿ ಅತ್ತಳೆಂದು ತಿಂಗಳೊಳಗೆ ನಾನೇ ಬಸ್ಸು ಹತ್ತಿ ಹೋಗಿ ಗಂಟುಮೂಟೆ ಸಮೇತ ಕರೆತಂದಿದ್ದೆ. “ಇನ್ನೊಂದು ತಿಂಗಳು ಬಿಟ್ಟಿದ್ದರೆ ನಾನೇ ಸರಿಹೋಗುತ್ತಿದ್ದೆನೇನೋ.” ಹದಿನೇಳು ವರ್ಷ ಈ ಮಾತನ್ನು ಅವಳು ಒಳಗಿಟ್ಟುಕೊಂಡಿದ್ದಳು.

ನಾನೇಕೆ ಓಡಿಹೋದೆ ಎಂಬುದನ್ನು ಅವಳಿಗೆ ಹೇಳಿರಲಿಲ್ಲ. ನಮ್ಮ ತವರು ಚಾಮರಾಜನಗರ. 1978ರಲ್ಲಿ ನನ್ನ ಅಕ್ಕ ಕೊಳ್ಳೇಗಾಲದ ಗಂಡನ ಮನೆಯಿಂದ ಒಂದು ಚೀಲ ಹಿಡಿದು ಬಂದಿದ್ದಳು. ಮೈಮೇಲೆ ಏಟಿನ ಗುರುತಿತ್ತು. ಮಾರನೆಯ ಬೆಳಗಿನ ಬಸ್ಸಿಗೇ ಅಪ್ಪ ಅವಳನ್ನು ಹಿಂದಕ್ಕೆ ಕರೆದೊಯ್ದರು. “ಹೊಂದಿಕೋಬೇಕಮ್ಮ, ಕಷ್ಟ ಮನುಷ್ಯರನ್ನ ಗಟ್ಟಿ ಮಾಡುತ್ತೆ” ಎಂದರು. ಆಗಲೇ ಅಂದುಕೊಂಡೆ, ನನ್ನ ಹೆಣ್ಣುಮಗು ಅತ್ತರೆ ಒಂದು ಗಳಿಗೆಯೂ ಬಿಡಲಾರೆನೆಂದು.

ಈಗ ನೋಡಿ, ಚಳಿ ಬೇಕು ಎನ್ನುವ ಗಿಡದ ಮಾತು ಅಪ್ಪನ ಮಾತಿನ ಹಾಗೇ ಕೇಳುತ್ತದೆ! ಇದೇ ನನ್ನನ್ನು ತಿಂಗಳುಗಟ್ಟಲೆ ಕಾಡಿತು. ಬಿಟ್ಟದ್ದು ತಪ್ಪಾದರೆ ಎತ್ತಿಕೊಂಡದ್ದೂ ಹೇಗೆ ತಪ್ಪು? ಎತ್ತಿಕೊಂಡದ್ದು ತಪ್ಪಾದರೆ ಅಪ್ಪ ಸರಿಯೆ? ಖಂಡಿತ ಅಲ್ಲ, ಅಷ್ಟು ಗೊತ್ತಿತ್ತು, ಏಕೆಂದು ಹೇಳಲು ಬರುತ್ತಿರಲಿಲ್ಲ. ಕಂಬಳಿಯ ನೆನಪಾದದ್ದು ಆಮೇಲೆ. ಕೊಂಬೆಗಳು ತಡೆಯುವಷ್ಟು ಚಳಿಯನ್ನು ಬೇರು ತಡೆಯುವುದಿಲ್ಲವೆಂದು ಮಗಳು ಹೇಳಿದ್ದಳು. ನೆಲದಲ್ಲಿದ್ದರೆ ಸುತ್ತಲಿನ ಮಣ್ಣು, ಮೇಲಿನ ಹಿಮ ಎರಡೂ ಸೇರಿ ಬೇರನ್ನು ಕಾಯುತ್ತವೆ. ಕುಂಡದ ಮಣ್ಣು ನಾಲ್ಕೂ ಕಡೆಯಿಂದ ಹೆಪ್ಪುಗಟ್ಟಿ ಬೇರು ಸಾಯುತ್ತದೆ. ಅದಕ್ಕೇ ಅವಳು ಕುಂಡವನ್ನು ಗ್ಯಾರೇಜಿಗೆ ತಂದು ಕಂಬಳಿ ಸುತ್ತುತ್ತಿದ್ದಳು. ಆಗಾಗ ಹೋಗಿ, ಮಣ್ಣು ಒಣಗಿದೆಯೇ ಎಂದು ಬೆರಳಿಟ್ಟು ನೋಡಿ ಒಂದಿಷ್ಟು ನೀರು ಹಾಕುತ್ತಿದ್ದಳು. ಅಕ್ಕನದು ಹುಟ್ಟಿದ ನೆಲದಿಂದ ಕಿತ್ತ ಬೇರು. ಅದನ್ನು ಬೆರಳಿಟ್ಟು ನೋಡಿದವರು ನಮ್ಮಲ್ಲಿ ಯಾರು? ನಾನೂ ನೋಡಲಿಲ್ಲ. ನನಗಾಗ ಹದಿನಾರು ತುಂಬಿತ್ತು, ಅಷ್ಟೇನು ಚಿಕ್ಕವಳಲ್ಲ.

ಅಕ್ಕ ಈಗ ಚಾಮರಾಜನಗರದಲ್ಲೇ ಮಗನ ಜೊತೆಗಿದ್ದಾಳೆ. ಕಳೆದ ಬಾರಿ ಹೋದಾಗ ಗಿಡದ ಕಥೆ ಹೇಳಿದೆ. ಅವರೆಕಾಯಿ ಸುಲಿಯುತ್ತಾ ಕೇಳಿಸಿಕೊಂಡಳು. ಕಂಬಳಿಯ ಮಾತು ಬಂದಾಗ ಕೈ ನಿಂತಿತು.

“ಅಪ್ಪ ಅವತ್ತು ಹೊಸಿಲಲ್ಲೇ ಬಿಟ್ಟು ಅದೇ ಬಸ್ಸಿಗೆ ವಾಪಸ್ ಹೊರಟ್ರು ಕಣೇ” ಎಂದಳು. “ಒಳಗೆ ಬಂದು ಒಂದು ಲೋಟ ನೀರಾದ್ರೂ ಕುಡೀಬಹುದಿತ್ತು. ಇವಳಿಗೆ ಕೇಳೋರಿದಾರೆ ಅಂತ ಅವರಿಗೆ ಗೊತ್ತಾಗೋದು.”

ಮೊರವನ್ನು ನನ್ನ ಕಡೆಗೂ ಸ್ವಲ್ಪ ಸರಿಸಿದಳು. ಇಬ್ಬರೂ ಸುಲಿಯುತ್ತಾ ಕೂತೆವು. ಕೊನೆಯ ಬಸ್ಸಿಗೆ ನಾನು ಏಳಲಿಲ್ಲ.