ಸಣ್ಣ ಉರಿಯಲ್ಲಿ ಒಂದು ಸುಳ್ಳು

ಭಾನುವಾರ ಬೆಳಿಗ್ಗೆ ಏಳಕ್ಕೆ ಶಿವಾಜಿನಗರದ ಬಸ್ಸು ಹತ್ತಿದರೆ ಒಂಬತ್ತೂವರೆಗೆಲ್ಲ ಮನೆಗೆ ವಾಪಸ್ ಬರಬಹುದು. ತಿಂಗಳಿಗೊಮ್ಮೆ, ಫೆಲೋಶಿಪ್ ಹಣ ಬಂದ ವಾರ, ನಾನು ಹೋಗುತ್ತೇನೆ. ಅಂಗಡಿಯವರಿಗೆ ನನ್ನ ಮುಖ ಪರಿಚಯವಿದೆ. ಕೇಳುವ ಮೊದಲೇ ಕಾಲಿನ ಕಡೆಯ ಖಂಡ ತೆಗೆದು, ಒಂದು ನಲ್ಲಿ ಮೂಳೆ ಸೇರಿಸಿ ತೂಗುತ್ತಾರೆ. ಕಪ್ಪು ಕವರು, ಅದರ ಮೇಲೆ ಇನ್ನೊಂದು ಕಪ್ಪು ಕವರು, ಎರಡೂ ಬಟ್ಟೆಯ ಚೀಲದೊಳಗೆ, ಚೀಲದ ಬಾಯಿಗೆ ಎರಡು ಕಟ್ಟು ದಂಟಿನ ಸೊಪ್ಪು. ಆ ಸೊಪ್ಪನ್ನು ನಾನು ಬೇಯಿಸಿ ತಿಂದದ್ದಕ್ಕಿಂತ ಒಣಗಿಸಿ ಎಸೆದದ್ದೇ ಹೆಚ್ಚು.

ಅಡುಗೆಯ ಕ್ರಮ ಅಮ್ಮನದು. ಖಂಡವನ್ನು ಸ್ವಲ್ಪ ದೊಡ್ಡ ತುಂಡುಗಳಾಗಿಯೇ ಇಟ್ಟುಕೊಂಡು ಅರಿಸಿನ, ಉಪ್ಪು ಸವರಿ ಅರ್ಧ ಗಂಟೆ ಬಿಡಬೇಕು. ದಪ್ಪ ತಳದ ಪಾತ್ರೆಯಲ್ಲಿ ಎಣ್ಣೆ ಕಾಯಿಸಿ ಒಂದು ಸಲಕ್ಕೆ ನಾಲ್ಕೈದು ತುಂಡು ಹಾಕಿ, ಎಲ್ಲ ಮಗ್ಗುಲೂ ಕಂದು ಬಣ್ಣಕ್ಕೆ ಬರುವವರೆಗೆ ಹುರಿಯಬೇಕು. ಒಟ್ಟಿಗೆ ಸುರಿದರೆ ನೀರು ಬಿಟ್ಟುಕೊಂಡು ಬೇಯುತ್ತದೆಯೇ ಹೊರತು ಹುರಿಯುವುದಿಲ್ಲ. ಹುರಿದದ್ದನ್ನು ತೆಗೆದಿಟ್ಟು ಅದೇ ಎಣ್ಣೆಗೆ ಚಕ್ಕೆ, ಲವಂಗ, ಈರುಳ್ಳಿ. ಈರುಳ್ಳಿ ಕೆಂಪಾದ ಮೇಲೆ ಶುಂಠಿ ಬೆಳ್ಳುಳ್ಳಿ, ಧನಿಯಾ ಪುಡಿ, ಖಾರದ ಪುಡಿ. ಒಂದು ಲೋಟ ಬಿಸಿನೀರು ಹಾಕಿ ತಳಕ್ಕೆ ಹತ್ತಿದ್ದನ್ನೆಲ್ಲ ಸೌಟಿನಿಂದ ಕೆರೆಯಬೇಕು. ರುಚಿ ಇರುವುದೇ ಅಲ್ಲಿ. ಆಮೇಲೆ ಖಂಡ, ಮೂಳೆ ಹಾಕಿ ಅರ್ಧ ಮುಳುಗುವಷ್ಟೇ ನೀರು ಬಿಟ್ಟು, ತಟ್ಟೆ ಮುಚ್ಚಿ, ತಟ್ಟೆಯ ಮೇಲೂ ತಣ್ಣೀರು ನಿಲ್ಲಿಸುವುದು. ಒಳಗಿನ ಹಬೆ ತಟ್ಟೆಯ ತಳಕ್ಕೆ ತಗುಲಿ ಹನಿಯಾಗಿ ಮತ್ತೆ ಒಳಗೇ ಬೀಳುತ್ತದೆ. ತಟ್ಟೆಯ ನೀರು ಕಾದಾಗ ಬೇಕಿದ್ದರೆ ಅದನ್ನೇ ಪಾತ್ರೆಗೆ ಬಿಟ್ಟು, ತಟ್ಟೆಗೆ ಹೊಸ ನೀರು. ಊರಲ್ಲಿ ಅಮ್ಮ ಸೌದೆ ಎಳೆದು ಬರೀ ಕೆಂಡದ ಮೇಲೆ ಬಿಡುತ್ತಿದ್ದಳು. ನನ್ನದು ಗ್ಯಾಸು. ಫೋನಿನಲ್ಲಿ ಪ್ರತಿಸಲವೂ ಒಂದೇ ಮಾತು: “ಉರಿ ಇಳ್ಸವ್ವ, ಅದು ತಾನಾಗೇ ಬೇಯ್ತದೆ.” ತೆಂಗಿನಕಾಯಿ, ಗಸಗಸೆ ರುಬ್ಬಿ ಹಾಕುವುದು ಕೊನೆಯ ಅರ್ಧ ಗಂಟೆಯಲ್ಲಿ. ಎಲ್ಲ ಸೇರಿ ಮೂರು ಗಂಟೆ.

ಕುಕ್ಕರಿನಲ್ಲಿ ಮುಕ್ಕಾಲು ಗಂಟೆಗೆ ಆಗುತ್ತದೆ, ಗೊತ್ತು. ಮಾಡಿಯೂ ನೋಡಿದ್ದೇನೆ. ಖಂಡ ನಾರು ನಾರಾಗಿ ಬಿಡಿಸಿಕೊಳ್ಳುತ್ತದೆ, ಸಾರು ತೆಳ್ಳಗೆ ಬೇರೆಯಾಗಿ ನಿಲ್ಲುತ್ತದೆ.

ಇಷ್ಟು ಹೊತ್ತು ಬೇಕಾಗುವುದಕ್ಕೆ ಅರ್ಧ ಕಾರಣ ಪ್ರಾಣಿಯ ವಯಸ್ಸು. ಸದಾ ದುಡಿಯುವ ಕಾಲಿನ ಖಂಡದಲ್ಲಿ ಕೊಲಾಜನ್ ಎಂಬ ಅಂಟು ನಾರು ಹೆಚ್ಚು. ವಯಸ್ಸಾದಂತೆ ಆ ನಾರು ಇನ್ನಷ್ಟು ಬಿಗಿಯಾಗುತ್ತದೆ, ತೇವದ ಸಣ್ಣ ಶಾಖದಲ್ಲಿ ಗಂಟೆಗಟ್ಟಲೆ ಇದ್ದರೆ ಮಾತ್ರ ಕರಗಿ ಸಾರಿಗೆ ಮಂದ ಕೊಡುತ್ತದೆ. ಇನ್ನರ್ಧ ಕಾರಣ ಕಾನೂನು. ಕರ್ನಾಟಕದ 2020ರ ಜಾನುವಾರು ಹತ್ಯೆ ಪ್ರತಿಬಂಧಕ ಕಾಯ್ದೆ 2021ರಲ್ಲಿ ಜಾರಿಗೆ ಬಂದಾಗಿನಿಂದ ಹಸು, ಕರು, ಎತ್ತು, ಹೋರಿ ಯಾವುದನ್ನೂ ಯಾವ ವಯಸ್ಸಿನಲ್ಲೂ ಕಡಿಯುವಂತಿಲ್ಲ. ಉಳಿದಿರುವುದು 13 ವರ್ಷ ದಾಟಿದ ಎಮ್ಮೆ, ಕೋಣ. ಅದೂ ಅಧಿಕಾರಿಯ ಪ್ರಮಾಣಪತ್ರವಿದ್ದರೆ. ಅಂದರೆ ಕಾನೂನಿಗೆ ಒಪ್ಪುವ ಖಂಡ ಎಂದರೆ ಮುದಿ ಖಂಡವೇ. ಕಾನೂನು ಪಾಲಿಸಿದಷ್ಟೂ ಒಲೆಯ ಮೇಲೆ ಹೆಚ್ಚು ಹೊತ್ತು ಇಡಬೇಕು. ಹೆಚ್ಚು ಹೊತ್ತು ಇಟ್ಟಷ್ಟೂ ಘಮ ಹೆಚ್ಚು ದೂರ ಹೋಗುತ್ತದೆ. ಕಾನೂನಿನ ಪ್ರಕಾರ ನನ್ನ ಪಾತ್ರೆಯಲ್ಲಿ ತಪ್ಪೇನೂ ಇಲ್ಲ. ಆದರೂ ಆ ಮೂರು ಗಂಟೆ ನನ್ನ ಕಿವಿ ಮೆಟ್ಟಿಲ ಕಡೆಗೇ ಇರುತ್ತದೆ.

ನಾನಿರುವುದು ಮೊದಲನೆಯ ಮಹಡಿಯ ಒಂದು ಕೋಣೆ, ಒಂದು ಅಡುಗೆಮನೆಯಲ್ಲಿ. ಕೆಳಗೆ ಮನೆಯ ಓನರ್ ಆಂಟಿ. ಅವರ ಮನೆಯಲ್ಲೂ ಭಾನುವಾರ ಕೋಳಿಯೋ ಮಟನ್ನೋ ಇದ್ದೇ ಇರುತ್ತದೆ. ಮೊದಲ ಸಲ ನಾನು ಇದನ್ನು ಮಾಡಿದ ದಿನ, ಬಟ್ಟೆ ಹರವಲು ತಾರಸಿಗೆ ಹೋಗುತ್ತಿದ್ದವರು ನನ್ನ ಬಾಗಿಲ ಬಳಿ ನಿಂತು ಕೇಳಿದರು: “ಏನಮ್ಮಾ ಇವತ್ತು, ಘಮ್ ಅಂತಿದೆ?”

“ಮಟನ್, ಆಂಟಿ.”

ಯೋಚಿಸುವ ಮೊದಲೇ ಬಾಯಿಂದ ಬಂದಿತ್ತು. ನನ್ನ ಸಂಶೋಧನೆ ತತ್ವಶಾಸ್ತ್ರದಲ್ಲಿ. ಅದರಲ್ಲೂ ಒಂದು ಅಧ್ಯಾಯ ಸತ್ಯ ಹೇಳುವ ಹೊಣೆಯ ಬಗ್ಗೆ. ಆ ವಾರ ಮೇಜಿನ ಮೇಲೆ ಕಾಂಟ್ ತೆರೆದೇ ಇದ್ದ.

1797ರಲ್ಲಿ ಕಾಂಟ್ ಬರೆದ ಪುಟ್ಟ ಪ್ರಬಂಧವೊಂದಿದೆ. ನಿಮ್ಮ ಗೆಳೆಯ ನಿಮ್ಮ ಮನೆಯಲ್ಲಿ ಅಡಗಿದ್ದಾನೆ, ಅವನನ್ನು ಕೊಲ್ಲಲು ಬಂದವನು ಬಾಗಿಲಲ್ಲಿ ನಿಂತು ಅವನೆಲ್ಲಿ ಎಂದು ಕೇಳುತ್ತಾನೆ. ಆಗಲೂ ಸುಳ್ಳು ಹೇಳುವ ಹಕ್ಕು ನಿಮಗಿಲ್ಲ ಎಂದ ಕಾಂಟ್. ಸತ್ಯವನ್ನು ಕೇಳುವ ಹಕ್ಕು ಯಾರಿಗಿದೆಯೋ ಅವರಿಗಷ್ಟೇ ಸತ್ಯ ಹೇಳುವ ಕರ್ತವ್ಯ ಎಂದಿದ್ದ ಫ್ರೆಂಚ್ ಲೇಖಕ ಬೆಂಜಮಿನ್ ಕಾನ್‌ಸ್ಟಂಟ್‌ಗೆ ಕೊಟ್ಟ ಉತ್ತರ ಅದು. ತರಗತಿಯಲ್ಲಿ ಎಲ್ಲರೂ ಕಾನ್‌ಸ್ಟಂಟ್ ಕಡೆಗೇ ವಾಲುತ್ತಾರೆ. ನಾನೂ ವಾಲಿದ್ದೆ. ನನ್ನ ಪಾತ್ರೆಯಲ್ಲಿ ಏನಿದೆ ಎಂದು ಕೇಳುವ ಹಕ್ಕು ಆಂಟಿಗೆ ಎಲ್ಲಿಂದ ಬಂತು? ಹಕ್ಕಿಲ್ಲದ ಪ್ರಶ್ನೆಗೆ ಕೊಟ್ಟ ಉತ್ತರ ಸುಳ್ಳಾದರೂ ತಪ್ಪಲ್ಲ ಎಂದು ಅವತ್ತು ಮುದ್ದೆ ಮುರಿಯುತ್ತಾ ಸಮಾಧಾನ ಮಾಡಿಕೊಂಡೆ. ಆದರೆ ಕಾಂಟ್‌ನ ಕಥೆಯಲ್ಲಿ ಮನೆ ನಿಮ್ಮದು, ಕೊಲೆಗಾರ ಹೊರಗಿನವನು. ನನ್ನ ವಿಷಯದಲ್ಲಿ ಮನೆಯೇ ಬಾಗಿಲಲ್ಲಿ ನಿಂತವರದು. ಮೇಲಾಗಿ ಅವರು ಕೊಲೆಗಾರರಲ್ಲ. ನನಗೆ ಜ್ವರ ಬಂದು ಐದು ದಿನ ಮಲಗಿದ್ದಾಗ ಎರಡು ಹೊತ್ತೂ ಗಂಜಿ ತಂದುಕೊಟ್ಟವರು.

ಇಲ್ಲಿಯವರೆಗೆ ಹೇಳದೆ ಬಿಟ್ಟದ್ದೊಂದಿದೆ. ಮನೆ ನೋಡಲು ಬಂದ ದಿನ ಆಂಟಿ ಹೇಳಿದ್ದರು: “ನಾನ್‌ವೆಜ್ ಮಾಡ್ಕೋಮ್ಮ, ನಾವೂ ತಿಂತೀವಿ. ಬೀಫ್ ಗೀಫ್ ಮಾತ್ರ ಬೇಡ.” ನಾನು ತಲೆಯಾಡಿಸಿದ್ದೆ. ಹನ್ನೊಂದು ತಿಂಗಳ ಅಗ್ರಿಮೆಂಟಿನಲ್ಲಿ ಆ ಮಾತಿಲ್ಲ. ಆದರೆ ತಲೆಯಾಡಿಸಿದ್ದೂ ಒಂದು ಮಾತೇ. ಅದಕ್ಕೂ ಮೊದಲು ಮೂರು ಮನೆಗಳಲ್ಲಿ ಊರು ಕೇಳಿ, ಅಪ್ಪನ ಹೆಸರು ಕೇಳಿ, ಆಮೇಲೆ “ನಿಮ್ಮದು ಯಾವ ಜನ” ಎಂದು ಕೇಳಿ, ಮನೆ ಕೊಡುವುದಿಲ್ಲ ಅಂದಿದ್ದರು. ಆಂಟಿ ಅದನ್ನು ಕೇಳಲಿಲ್ಲ. ಕೇಳದಿದ್ದ ಕೃತಜ್ಞತೆಗೇ ತಲೆ ಆಡಿತೇನೋ. ಗತಿಯಿಲ್ಲದವರಿಂದ ಪಡೆದ ಮಾತಿಗೆ ಎಷ್ಟು ಬೆಲೆ ಎಂದು ವಾದಿಸಬಹುದು. ಸೆಮಿನಾರಿನಲ್ಲಾದರೆ ನಾನೇ ವಾದಿಸುತ್ತೇನೆ. ಆದರೆ ಆ ವಾದವನ್ನು ಆಂಟಿಯ ಮುಖ ನೋಡಿಕೊಂಡು ಹೇಳಲು ನನ್ನಿಂದಾಗದು.

ಗಾಂಧೀಜಿಯ ಆತ್ಮಕಥೆಯಲ್ಲಿ, ಹುಡುಗನಾಗಿದ್ದಾಗ ಗೆಳೆಯನ ಜೊತೆ ಕದ್ದು ಆಡಿನ ಮಾಂಸ ತಿಂದ ಪ್ರಸಂಗ ಬರುತ್ತದೆ. ತಿಂದು ಬಂದ ದಿನ ತಾಯಿ ಊಟಕ್ಕೆ ಕರೆದರೆ, ಹಸಿವಿಲ್ಲ, ಹೊಟ್ಟೆ ಸರಿಯಿಲ್ಲ ಎನ್ನುತ್ತಿದ್ದರು. ಕೊನೆಗೆ ಬಿಟ್ಟದ್ದು ಮಾಂಸ ಕೆಟ್ಟದ್ದೆಂಬ ಕಾರಣಕ್ಕಲ್ಲ, ತಂದೆತಾಯಿಗೆ ಸುಳ್ಳು ಹೇಳಬೇಕಲ್ಲ ಎಂದು. ಅವರು ಇಲ್ಲವಾದ ಮೇಲೆ ರಾಜಾರೋಷವಾಗಿ ತಿಂದರಾಯಿತು, ಅಲ್ಲಿಯವರೆಗೆ ಬೇಡ ಎಂದು ನಿರ್ಧರಿಸಿದರು. ನನಗೆ ಈ ತರ್ಕ ತುಂಬ ಹಿಡಿಸುತ್ತದೆ. ಆದರೆ ಅದು ನನ್ನ ಅಡುಗೆಮನೆಯಲ್ಲಿ ತಿರುವುಮುರುವಾಗುತ್ತದೆ. ಆ ಹುಡುಗನಿಗೆ ಮಾಂಸ ಹೊರಗಿನಿಂದ ಬಂದ ಆಸೆ. ಸುಳ್ಳು ಬಿಟ್ಟರೆ ಅವನು ಅಮ್ಮನ ಹತ್ತಿರಕ್ಕೆ ಮರಳುತ್ತಾನೆ. ನಾನು ಸುಳ್ಳು ತಪ್ಪಿಸಲು ಇದನ್ನು ಬಿಟ್ಟರೆ ಅಮ್ಮನಿಂದ ಇನ್ನೊಂದು ಮಾರು ದೂರ ಹೋಗುತ್ತೇನೆ. ಓದು, ಭಾಷೆ, ಬಟ್ಟೆ ಎಲ್ಲದರಲ್ಲೂ ಈಗಾಗಲೇ ಸಾಕಷ್ಟು ದೂರ ಬಂದಾಗಿದೆ.

ಇಷ್ಟೇ ಆಗಿದ್ದರೆ ಬರೆಯುವ ಅಗತ್ಯವಿರಲಿಲ್ಲ. ಕಳೆದ ಮಳೆಗಾಲದಲ್ಲಿ ಆಂಟಿಗೆ ಡೆಂಗಿ ಬಂತು. ವಾಸಿಯಾದ ಮೇಲೂ ಹದಿನೈದು ದಿನ ಏನು ತಿಂದರೂ ಸೇರುತ್ತಿರಲಿಲ್ಲ. ಒಂದು ಭಾನುವಾರ ನನ್ನ ಪಾತ್ರೆ ಒಲೆಯ ಮೇಲಿದ್ದು ಎರಡು ಗಂಟೆಯಾಗಿತ್ತು. ಗೋಡೆ ಹಿಡಿದುಕೊಂಡು ಮೆಟ್ಟಿಲು ಹತ್ತಿ ಬಂದರು, ಕೈಯಲ್ಲೊಂದು ಸ್ಟೀಲ್ ಬಟ್ಟಲು. “ಬಾಯಿ ಕೆಟ್ಟೋಗಿದೆ ಕಣಮ್ಮ. ನಿನ್ ಮಟನ್ ಸಾರಿನ ಘಮಕ್ಕೆ ಇವತ್ತು ಹಸಿವಾಯ್ತು ನೋಡು. ಒಂದು ಬಟ್ಟಲು ಕೊಡು.”

ಮೊದಲಿನ ಸುಳ್ಳು ನನ್ನನ್ನು ಕಾಯುತ್ತಿತ್ತು, ಯಾರಿಗೂ ಏನೂ ಮಾಡಿರಲಿಲ್ಲ. ಈಗ ಅದೇ ಸುಳ್ಳಿನ ಬಲದಿಂದ, ಅವರು ತಿನ್ನುವುದಿಲ್ಲ ಎಂದು ಬಾಯಿಬಿಟ್ಟು ಹೇಳಿದ್ದನ್ನು ಅವರ ಹೊಟ್ಟೆಗೆ ಹಾಕಬಹುದಿತ್ತು. ಅವರಿಗೆ ಗೊತ್ತೂ ಆಗುತ್ತಿರಲಿಲ್ಲ, ಬಹುಶಃ ಹಿತವೂ ಆಗುತ್ತಿತ್ತು. ಆದರೂ ಆಗದು ಎಂದು ಒಂದು ಕ್ಷಣದಲ್ಲೇ ಗೊತ್ತಾಯಿತು. ಅವರ ನಂಬಿಕೆಯ ಮೇಲೆ ನನಗೆ ಗೌರವವಿದೆಯೋ ಇಲ್ಲವೋ, ಅದು ಬೇರೆ ಮಾತು. ನನ್ನ ಪಾತ್ರೆ ನನ್ನದು ಎಂದು ಇಷ್ಟು ದಿನ ಹೇಳಿಕೊಂಡು ಬಂದವಳು ಅವರ ಬಟ್ಟಲು ಅವರದು ಅನ್ನಲೇಬೇಕಿತ್ತು.

ಉಳಿದದ್ದು ಎರಡು ದಾರಿ. ನಿಜ ಹೇಳುವುದು, ಇಲ್ಲವೇ ಇನ್ನೊಂದು ಸುಳ್ಳು. ಥೀಸಿಸ್ ಕೊಡಲು ನಾಲ್ಕು ತಿಂಗಳಿತ್ತು.

“ಉಪ್ಪು ಕೈ ಮೀರಿಬಿಟ್ಟಿದೆ ಆಂಟಿ. ಬಾಯಿಗಿಡೋಕಾಗಲ್ಲ. ಇನ್ನೊಂದ್ಸಲ ಮಾಡಿದಾಗ ನಾನೇ ತಂದ್ಕೊಡ್ತೀನಿ.”

“ಪರವಾಗಿಲ್ಲ ಬಿಡಮ್ಮ,” ಅಂದರು. ಖಾಲಿ ಬಟ್ಟಲು ಹಿಡಿದು ಒಂದೊಂದೇ ಮೆಟ್ಟಿಲು ಇಳಿದರು.

ಸಂಜೆ ಅಮ್ಮನಿಗೆ ಫೋನು ಮಾಡಿದಾಗ ಇದನ್ನು ತಮಾಷೆಯಂತೆ ಹೇಳಲು ಹೋದೆ. ಅಮ್ಮ ನಗಲಿಲ್ಲ. “ಅವ್ರೇ ಕೇಳುದ್ರಾ? ತಾವಾಗೇ?” ಅಂದಳು. ಹೂಂ ಅಂದೆ. ಸ್ವಲ್ಪ ಹೊತ್ತು ಬಿಟ್ಟು, “ಇಲ್ಲ ಅಂದ್ಬುಟ್ಟಾ?” ಅಂದಳು.

ನಮ್ಮೂರಿನಲ್ಲಿ ನಾವೇನು ತಿನ್ನುತ್ತೇವೆ ಎಂಬುದು ಯಾರಿಗೂ ಗುಟ್ಟಲ್ಲ. ಕೇರಿಯ ಹಿತ್ತಿಲುಗಳಲ್ಲಿ ಹಗ್ಗಕ್ಕೆ ಹಾಕಿ ಒಣಗಿಸುತ್ತಿದ್ದದ್ದು ದಾರಿಗೆ ಕಾಣುತ್ತಿತ್ತು. ಅಮ್ಮ ಆ ವಿಷಯದಲ್ಲಿ ಜೀವಮಾನದಲ್ಲಿ ಒಂದೂ ಸುಳ್ಳು ಹೇಳಿದವಳಲ್ಲ. ಆ ನಿಜಕ್ಕೆ ತೆತ್ತ ಬೆಲೆ ಏನೆಂದರೆ, ಊರೊಳಗಿನ ಒಬ್ಬರೂ ಅವಳ ಕೈಯಿಂದ ಒಂದು ಲೋಟ ನೀರು ಇಸಿದುಕೊಂಡು ಕುಡಿದದ್ದಿಲ್ಲ. ಸತ್ತ ದನದ ಮಾಂಸ ತಿನ್ನುವುದನ್ನೇ ಅಸ್ಪೃಶ್ಯತೆಯ ಬೇರು ಎಂದು ಅಂಬೇಡ್ಕರ್ 1948ರ ತಮ್ಮ ಪುಸ್ತಕದಲ್ಲಿ ವಾದಿಸಿದ್ದನ್ನು ನಾನು ಓದಿ ತಿಳಿದೆ. ಅಮ್ಮನಿಗೆ ಓದಬೇಕಾಗಿರಲಿಲ್ಲ. ಅಂಥವಳ ಮಗಳ ಬಾಗಿಲಿಗೆ ಒಬ್ಬರು ಬಟ್ಟಲು ಹಿಡಿದು ತಾವಾಗಿಯೇ ಬಂದಿದ್ದರು. ಬರಿಗೈಯಲ್ಲಿ ಕಳಿಸಿದವಳು ನಾನು.

ಆ ರಾತ್ರಿ ಕಾಂಟ್‌ಗಿಂತ ಹೆಚ್ಚು ಕಾಡಿದ್ದು ಪುಣ್ಯಕೋಟಿ. ಕನ್ನಡದ ಮಕ್ಕಳಿಗೆ ಸತ್ಯದ ಮೊದಲ ಪಾಠ ಹೇಳುವುದೇ ಒಂದು ಹಸು! ಪ್ರೈಮರಿಯಲ್ಲಿ ಆ ಹಾಡು ಹೇಳುತ್ತಾ ನಾನೂ ಅತ್ತಿದ್ದೇನೆ, ಅತ್ತು ಮನೆಗೆ ಹೋಗಿ ಅಮ್ಮ ಇಟ್ಟದ್ದನ್ನು ಉಂಡಿದ್ದೇನೆ. ಎರಡಕ್ಕೂ ಜಗಳವಿದೆ ಎಂದು ಆಗ ಅನಿಸಿರಲಿಲ್ಲ, ಈಗಲೂ ಪೂರ್ತಿಯಾಗಿ ಅನಿಸುವುದಿಲ್ಲ. ಈಗ ನನ್ನ ಗಮನ ಹೋಗುವುದು ಹುಲಿಯ ಕಡೆಗೆ. ಹಸು ಕೊಟ್ಟ ಮಾತನ್ನು ಅದು ನಂಬಿ ಬಿಟ್ಟಿತು. ಹಸು ಮರಳಿ ಬಂದಾಗ ತಿನ್ನಲಾರದೆ ಹೋಯಿತು. ಆ ಕಥೆಯಲ್ಲಿ ಬದಲಾದದ್ದು ಸತ್ಯ ಕೇಳಿಸಿಕೊಂಡ ಪ್ರಾಣಿ. ಪುಣ್ಯಕೋಟಿ ಸುಳ್ಳು ಹೇಳಿ ದೊಡ್ಡಿಯಲ್ಲೇ ಉಳಿದಿದ್ದರೆ ಹುಲಿಯೊಳಗೆ ಅಂಥದ್ದೊಂದು ಇತ್ತೆಂದು ಯಾರಿಗೂ ಗೊತ್ತಾಗುತ್ತಿರಲಿಲ್ಲ, ಹುಲಿಗೂ.

ನಾನು ಆಂಟಿಗೆ ಮಾಡಿದ್ದು ಇದನ್ನೇ. ನಿಜ ಕೇಳಿದರೆ ಅವರು ಏನು ಮಾಡುತ್ತಾರೆ ಎಂಬುದನ್ನು ಅವರ ಪರವಾಗಿ ನಾನೇ ತೀರ್ಮಾನಿಸಿಬಿಟ್ಟೆ. ಹಾಗೆಂದು ಮರುದಿನವೇ ಹೋಗಿ ಹೇಳಿದೆನೇ? ಇಲ್ಲ. ಹುಲಿ ಬದಲಾಗದಿದ್ದರೆ ಹೋಗುವುದು ಹಸುವಿನ ಜೀವ ತಾನೇ. ಇನ್ನೊಬ್ಬರ ಒಳ್ಳೆಯತನವನ್ನು ಪರೀಕ್ಷೆ ಮಾಡುವುದಕ್ಕೆ ನಾನು ಒಡ್ಡಬೇಕಾದದ್ದು ತಲೆಯ ಮೇಲಿನ ಸೂರು ಎಂದಾದರೆ, ಆ ಪರೀಕ್ಷೆ ಕಟ್ಟಿದವರಲ್ಲಿ ಏನೋ ಮೋಸವಿದೆ. ಇದು ನೆಪವೂ ಇರಬಹುದು. ನಾಲ್ಕು ತಿಂಗಳು ಕಳೆದ ಮೇಲೂ, ಥೀಸಿಸ್ ಕೊಟ್ಟಾದ ಮೇಲೂ, ನಾನು ಹೇಳಿಲ್ಲ.

ಕೊಟ್ಟ ಮಾತೊಂದಿತ್ತಲ್ಲ, ಅದನ್ನಷ್ಟೇ ನಡೆಸಿದೆ. ಮುಂದಿನ ಭಾನುವಾರ ಮನೆ ಹತ್ತಿರದ ಅಂಗಡಿಯಿಂದಲೇ ಮಟನ್ ತಂದೆ. ಒಂದು ಕೆಜಿ ಮಟನ್ನಿನ ದುಡ್ಡಿಗೆ ಶಿವಾಜಿನಗರದಲ್ಲಿ ಎರಡು ಕೆಜಿ ಬರುತ್ತದೆ. ಆ ತಿಂಗಳು ಇನ್ನೊಂದು ಸಲ ಬಸ್ಸು ಹತ್ತಲಿಲ್ಲ. ಚೀಲದ ಬಾಯಿಗೆ ಸೊಪ್ಪು ಇಡಲಿಲ್ಲ. ಅದೇ ಪಾತ್ರೆ, ಅದೇ ಮಸಾಲೆ. ಎಳೆಯ ಮಾಂಸ, ಒಂದೂವರೆ ಗಂಟೆಯಲ್ಲಿ ಬೆಂದುಹೋಯಿತು. ತಟ್ಟೆಯ ಮೇಲಿನ ನೀರನ್ನು ಎರಡು ಸಲ ಬದಲಾಯಿಸಿದೆನಷ್ಟೇ. ಬಿಸಿಬಿಸಿಯಾಗಿ ಕೆಳಗೆ ತೆಗೆದುಕೊಂಡು ಹೋಗಿ ಕೊಟ್ಟೆ.

ಮರುದಿನ ಆಂಟಿ ಬಟ್ಟಲು ವಾಪಸ್ ತಂದರು. ಖಾಲಿ ಪಾತ್ರೆ ಕೊಡಬಾರದೆಂದು ಅದರಲ್ಲಿ ನಾಲ್ಕು ಚಕ್ಕುಲಿ.

“ಚೆನ್ನಾಗಿತ್ತು ಕಣಮ್ಮ,” ಅಂದರು. ಹೊರಟವರು ಬಾಗಿಲಲ್ಲಿ ಒಂದು ಗಳಿಗೆ ನಿಂತರು. “ಆದ್ರೂ ಅವತ್ತಿನ ಘಮ ಇವತ್ತು ಇರ್ಲಿಲ್ಲ.”

ನಾನು ಚಕ್ಕುಲಿಯನ್ನು ಡಬ್ಬಿಗೆ ಹಾಕತೊಡಗಿದೆ.