ಅರಸನ ಎರಡು ಮನಸ್ಸಾಕ್ಷಿಗಳು

1649ನೆಯ ಇಸವಿಯ ಜನವರಿ 30ರ ಮಧ್ಯಾಹ್ನ, ಲಂಡನ್ನಿನ ವೈಟ್‌ಹಾಲ್ ಅರಮನೆಯ ಹೊರಗೆ ಕಪ್ಪು ಬಟ್ಟೆ ಹೊದಿಸಿದ್ದ ಅಟ್ಟಣೆಯ ಮೇಲೆ ನಿಂತು, ಇಂಗ್ಲೆಂಡಿನ ದೊರೆ ಒಂದನೆಯ ಚಾರ್ಲ್ಸನು ತನ್ನ ಕಡೆಯ ಮಾತುಗಳನ್ನಾಡಿದನು. ಅಂದು ಕೊರೆಯುವ ಚಳಿ. ಮೈ ನಡುಗಿದರೆ ನೋಡುವವರು ಅದನ್ನು ಭಯವೆಂದು ಎಣಿಸಿಯಾರೆಂದು ಅವನು ಎರಡು ಅಂಗಿಗಳನ್ನು ತೊಟ್ಟು ಬಂದಿದ್ದನು. ಸುತ್ತಲೂ ಸೈನಿಕರ ಸಾಲು. ಅದರಾಚೆ ಕಿಕ್ಕಿರಿದ ಜನ. ದೊರೆಯ ಧ್ವನಿ ಅಷ್ಟು ದೂರ ಮುಟ್ಟುವಂತಿರಲಿಲ್ಲ. ಅಟ್ಟಣೆಯ ಮೇಲಿದ್ದ ಕೆಲವರು ಕೇಳಿ ಬರೆದುಕೊಂಡುದರಿಂದ ಆ ಮಾತುಗಳು ಉಳಿದಿವೆ. ಯುದ್ಧವನ್ನು ಮೊದಲು ಆರಂಭಿಸಿದವನು ತಾನಲ್ಲವೆಂದನು. ತನ್ನ ಸಾವಿಗೆ ಕಾರಣರಾದವರನ್ನು ಕ್ಷಮಿಸಿರುವೆನೆಂದನು. ಇವುಗಳ ನಡುವೆ ಇನ್ನೊಂದು ಮಾತು ಬಂದಿತು: ಹಿಂದೊಮ್ಮೆ ಒಂದು ಅನ್ಯಾಯದ ತೀರ್ಪು ಜಾರಿಯಾಗಲು ತಾನು ಎಡೆಗೊಟ್ಟದ್ದುಂಟು, ಈಗ ತನ್ನ ಮೇಲೆ ಬಂದಿರುವ ಅನ್ಯಾಯದ ತೀರ್ಪು ಅದಕ್ಕೆ ತಕ್ಕ ದಂಡನೆ.

ಯಾರ ವಿಷಯವೆಂದು ಅವನು ಬಾಯಿಬಿಟ್ಟು ಹೇಳಲಿಲ್ಲ. ಹೇಳಬೇಕಾದ ಅಗತ್ಯವೂ ಇರಲಿಲ್ಲ. ಕೇಳಿದವರೆಲ್ಲರಿಗೂ ಎಂಟು ವರ್ಷಗಳ ಹಿಂದಿನ ಆ ಸಾವು ನೆನಪಿದ್ದಿತು. ದೊರೆಯೊಬ್ಬನ ವಿಚಾರಣೆ ಹಾಗೂ ಬಹಿರಂಗ ಶಿರಚ್ಛೇದದ ಈ ಪ್ರಸಂಗವನ್ನು ರಾಜಕೀಯದ ದೃಷ್ಟಿಯಿಂದ ವಿವೇಚಿಸಿದವರು ಅನೇಕರು. ನೀತಿಯ ದೃಷ್ಟಿಯಿಂದ ನೋಡುವವರು ಆ ಹಳೆಯ ಸಾವಿನಿಂದಲೇ ಆರಂಭಿಸಬೇಕಾಗುತ್ತದೆ.

ಸ್ಟ್ರಾಫರ್ಡಿನ ಅರ್ಲ್ ಆದ ಥಾಮಸ್ ವೆಂಟ್‌ವರ್ತ್ ದೊರೆಗೆ ಅತ್ಯಂತ ನಿಷ್ಠನಾಗಿದ್ದ ಮಂತ್ರಿ. ಐರ್ಲೆಂಡನ್ನು ದೊರೆಯ ಪ್ರತಿನಿಧಿಯಾಗಿ ಕಠೋರವಾಗಿ ಆಳಿದವನು. 1629ರಿಂದ 1640ರವರೆಗೆ ಪಾರ್ಲಿಮೆಂಟನ್ನೇ ಕರೆಯದೆ ರಾಜ್ಯವಾಳಿದ ಚಾರ್ಲ್ಸನು, ಸ್ಕಾಟ್ಲೆಂಡಿನೊಡನೆ ನಡೆದ ಯುದ್ಧದಿಂದ ಬೊಕ್ಕಸ ಬರಿದಾದಾಗ ಅದನ್ನು ಮತ್ತೆ ಕರೆಯಲೇಬೇಕಾಯಿತು. ಹನ್ನೊಂದು ವರ್ಷ ಅದುಮಿಟ್ಟ ಕೋಪವೆಲ್ಲ ಸ್ಟ್ರಾಫರ್ಡನ ಮೇಲೆ ತಿರುಗಿತು. 1641ರ ಮಾರ್ಚಿಯಲ್ಲಿ ವೆಸ್ಟ್‌ಮಿನ್‌ಸ್ಟರ್ ಹಾಲ್‌ನಲ್ಲಿ ಅವನ ವಿಚಾರಣೆ ಮೊದಲಾಯಿತು. ಅವನು ಎಷ್ಟು ಸಮರ್ಥವಾಗಿ ಪ್ರತಿವಾದಿಸಿದನೆಂದರೆ ರಾಜದ್ರೋಹದ ಆರೋಪ ನಿಲ್ಲುವ ಲಕ್ಷಣ ಕಾಣಲಿಲ್ಲ. ಆಗ ಕಾಮನ್ಸ್ ಸಭೆ ಬೇರೊಂದು ದಾರಿ ಹಿಡಿಯಿತು: ನ್ಯಾಯಾಲಯದಲ್ಲಿ ಅಪರಾಧ ಸಿದ್ಧವಾಗದಿದ್ದರೂ ವ್ಯಕ್ತಿಯೊಬ್ಬನನ್ನು ದ್ರೋಹಿಯೆಂದು ಶಾಸನದಿಂದಲೇ ಸಾರಿ ಮರಣಕ್ಕೆ ಗುರಿಪಡಿಸುವ ಮಸೂದೆ. ಅದರ ಪರವಾಗಿ 204 ಮತಗಳು, ವಿರುದ್ಧವಾಗಿ 59. ವಿರೋಧಿಸಿದವರ ಹೆಸರುಗಳನ್ನು ನಾಡದ್ರೋಹಿಗಳೆಂದು ಬೀದಿಯಲ್ಲಿ ಅಂಟಿಸಲಾಯಿತು. (ಎಂಟು ವರ್ಷಗಳ ಅನಂತರ ದೊರೆಯ ಮರಣಪತ್ರಕ್ಕೆ ಬಿದ್ದ ಸಹಿಗಳೂ 59. ಇದು ಬರಿಯ ಆಕಸ್ಮಿಕ; ಆದರೂ ಕಣ್ಣಿಗೆ ಬೀಳದೆ ಇರುವುದಿಲ್ಲ.)

ಮಸೂದೆಗೆ ದೊರೆಯ ಒಪ್ಪಿಗೆ ಬೇಕಾಗಿದ್ದಿತು. ಸ್ಟ್ರಾಫರ್ಡನ ಪ್ರಾಣಕ್ಕಾಗಲಿ ಮಾನಕ್ಕಾಗಲಿ ಆಸ್ತಿಗಾಗಲಿ ಚ್ಯುತಿ ಬರಗೊಡೆನೆಂದು ಚಾರ್ಲ್ಸನು ಅವನಿಗೆ ಪತ್ರಮುಖೇನ ಮಾತು ಕೊಟ್ಟಿದ್ದನು. ಇತ್ತ ಅರಮನೆಯ ಹೊರಗೆ ಜನರ ಆರ್ಭಟ. ಒಳಗೆ ರಾಣಿ ಮಕ್ಕಳ ಕ್ಷೇಮದ ಚಿಂತೆ. ನಾಡಿನ ಶಾಂತಿಗಾಗಿ ತನ್ನ ಪ್ರಾಣವನ್ನು ಬಿಟ್ಟುಕೊಡಬಹುದೆಂದು, ಕೊಟ್ಟ ಮಾತಿನ ಋಣದಿಂದ ದೊರೆಯನ್ನು ಬಿಡುಗಡೆ ಮಾಡಿ, ಸ್ಟ್ರಾಫರ್ಡನೇ ಸೆರೆಮನೆಯಿಂದ ಪತ್ರ ಬರೆದನು. ದೊರೆ ಬಿಷಪ್ಪರನ್ನು ಕರೆಸಿ ಸಲಹೆ ಕೇಳಿದನು. ಲಿಂಕನ್ನಿನ ಬಿಷಪ್ ಜಾನ್ ವಿಲಿಯಮ್ಸನ ಉತ್ತರ ಇತಿಹಾಸದಲ್ಲಿ ಉಳಿದುಬಂದಿದೆ. ಅರಸನಾದವನಿಗೆ ಎರಡು ಮನಸ್ಸಾಕ್ಷಿಗಳುಂಟು, ಒಂದು ಮನುಷ್ಯನಾಗಿ, ಇನ್ನೊಂದು ರಾಜನಾಗಿ. ಮನುಷ್ಯನಾಗಿ ಮಾಡಲಾರದ್ದನ್ನು ರಾಜನಾಗಿ ಮಾಡಬಹುದು, ಮಾಡಲೂಬೇಕು ಎಂಬುದು ಅದರ ತಾತ್ಪರ್ಯ. ಲಂಡನ್ನಿನ ಬಿಷಪ್ ವಿಲಿಯಂ ಜಕ್ಸನ್ನನು ಇದನ್ನು ಒಪ್ಪಲಿಲ್ಲ. ಮನಸ್ಸು ಒಪ್ಪದಿದ್ದರೆ ಸಮ್ಮತಿಸಕೂಡದು ಎಂದಷ್ಟೇ ಅವನ ಸಲಹೆ. ದೊರೆ ವಿಲಿಯಮ್ಸನ ಮಾತನ್ನು ಹಿಡಿದನು. ಮೇ 10ರಂದು ಸಮ್ಮತಿ ಕೊಟ್ಟು, ಮರುದಿನ ಮಗನ ಕೈಯಲ್ಲಿ ಲಾರ್ಡ್ಸ್ ಸಭೆಗೆ ದಯಾಭಿಕ್ಷೆಯ ಪತ್ರ ಕಳುಹಿಸಿದನು. ಆ ಪತ್ರದ ಕೊನೆಯಲ್ಲಿ, ಸಾಯಲೇಬೇಕಾದರೆ ಶನಿವಾರದವರೆಗಾದರೂ ಅವಕಾಶ ಕೊಡುವುದು ದಯೆಯಾದೀತೆಂದು ಒಂದು ಸಾಲನ್ನು ಸೇರಿಸಿದ್ದನು. ಉಳಿಸಬೇಕೆಂಬ ಬಯಕೆಯನ್ನೂ ಉಳಿಸುವ ಧೈರ್ಯವಿಲ್ಲದಿರುವುದನ್ನೂ ಆ ಒಂದು ಸಾಲು ಒಟ್ಟಿಗೆ ಹೇಳಿಬಿಡುತ್ತದೆ. 12ರಂದು ಸ್ಟ್ರಾಫರ್ಡನ ತಲೆ ಉರುಳಿತು.

ಕೊಡಲಿ ಹಿಡಿದವನು ದೊರೆಯಲ್ಲ. ಮಸೂದೆ ತಂದವನೂ ದೊರೆಯಲ್ಲ. ಅವನಿಂದ ಆದುದು ಸಮ್ಮತಿ ಮಾತ್ರ, ಅದೂ ಒತ್ತಾಯಕ್ಕೆ ಮಣಿದು. ಕೃತ, ಕಾರಿತ, ಅನುಮೋದಿತ ಎಂಬ ಭೇದವನ್ನು ಬಲ್ಲ ಓದುಗರಿಗೆ ಈ ಸಮ್ಮತಿ ಎಲ್ಲಿ ನಿಲ್ಲುತ್ತದೆಂದು ಬಿಡಿಸಿ ಹೇಳಬೇಕಾಗಿಲ್ಲ. ವಿಶೇಷವೆಂದರೆ, ಆ ಪರಿಭಾಷೆಯನ್ನೇ ಅರಿಯದ ಚಾರ್ಲ್ಸನೂ ಕೊನೆಗೆ ಅಲ್ಲಿಗೇ ಬಂದು ನಿಂತನು. ರಾಜನ ಮನಸ್ಸಾಕ್ಷಿ ಮಾಡಿದ್ದರ ಲೆಕ್ಕವನ್ನು ಮನುಷ್ಯನ ಮನಸ್ಸಾಕ್ಷಿ ಎಂಟು ವರ್ಷ ಹೊತ್ತು ತಿರುಗಿತು. ಅಟ್ಟಣೆಯ ಮೇಲೆ ಅವನ ಪಕ್ಕದಲ್ಲಿ ಧರ್ಮಗುರುವಾಗಿ ನಿಂತಿದ್ದವನು ಅದೇ ಜಕ್ಸನ್.

ಆದರೆ ಈ ಪಶ್ಚಾತ್ತಾಪಕ್ಕೆ ಒಂದು ಮೇರೆಯಿದ್ದುದನ್ನೂ ಗಮನಿಸಬೇಕು. 1642ರ ಆಗಸ್ಟಿನಲ್ಲಿ ನಾಟಿಂಗ್‌ಹ್ಯಾಮಿನಲ್ಲಿ ಧ್ವಜವೇರಿಸಿ ತನ್ನದೇ ಪಾರ್ಲಿಮೆಂಟಿನ ಮೇಲೆ ದೊರೆ ಯುದ್ಧಕ್ಕೆ ನಿಂತನು. ಕಾಳಗಗಳಲ್ಲಿಯೂ ಅವುಗಳ ಬೆನ್ನಿಗೆ ಬಂದ ರೋಗಗಳಿಂದಲೂ ಸತ್ತವರ ಸಂಖ್ಯೆ ಲಕ್ಷವನ್ನು ಮೀರಿತೆಂದು ಇತಿಹಾಸಕಾರರ ಅಂದಾಜು. ನೇಸ್ಬಿಯಲ್ಲಿ 1645ರಲ್ಲಿ ಸೋತು, ಸೆರೆಸಿಕ್ಕ ಮೇಲೂ ಸಂಧಿಯ ಮಾತನಾಡುತ್ತಲೇ ಸ್ಕಾಟರೊಡನೆ ಗುಟ್ಟಾಗಿ ಒಪ್ಪಂದ ಮಾಡಿಕೊಂಡು, 1648ರಲ್ಲಿ ಎರಡನೆಯ ಯುದ್ಧಕ್ಕೂ ಕಾರಣನಾದನು. ಅವನ ವಿಚಾರಣೆಯಲ್ಲಿ ಬಂದ ಸಾಕ್ಷ್ಯಗಳಲ್ಲಿ ಒಂದು ಹೀಗಿದೆ: ಲೆಸ್ಟರ್ ಪಟ್ಟಣ ದೊರೆಯ ಸೈನ್ಯದ ವಶವಾದಾಗ ಸೆರೆಯಾಳುಗಳನ್ನು ಸುಲಿಗೆ ಮಾಡಿ ಕತ್ತಿಯಿಂದ ಗಾಯಗೊಳಿಸುತ್ತಿದ್ದರು, ದೊರೆ ಕುದುರೆಯ ಮೇಲಿದ್ದು ನೋಡುತ್ತ, ಇದರ ಮೂರರಷ್ಟು ಕಡಿದರೂ ಚಿಂತೆಯಿಲ್ಲ, ಅವರು ತನ್ನ ಶತ್ರುಗಳು ಎಂದನಂತೆ. ಹೇಳಿದವನು ಒಬ್ಬ ಬೇಸಾಯಗಾರ. ಕೊನೆಯ ಗಳಿಗೆಯಲ್ಲಿ ದೊರೆಯನ್ನು ಕಾಡಿದ್ದು ಒಬ್ಬ ಅರ್ಲನ ಸಾವು. ಹೆಸರಿಲ್ಲದ ಈ ಸಹಸ್ರಾರು ಮಂದಿ ಅವನ ಲೆಕ್ಕಕ್ಕೆ ಬರಲಿಲ್ಲ.

ಸೈನ್ಯದವರ ಲೆಕ್ಕಕ್ಕೆ ಅವರು ಬಂದರು. 1648ರ ವಸಂತದಲ್ಲಿ ವಿಂಡ್ಸರಿನಲ್ಲಿ ಸೇನಾಧಿಕಾರಿಗಳು ಮೂರು ದಿನ ಪ್ರಾರ್ಥನಾಸಭೆ ನಡೆಸಿ, ಚಾರ್ಲ್ಸ್ ಸ್ಟುವರ್ಟನು ರಕ್ತಕ್ಕೆ ಹೊಣೆಯಾದವನು, ಅವನಿಂದ ಅದರ ಲೆಕ್ಕ ಕೇಳುವುದು ತಮ್ಮ ಕರ್ತವ್ಯ ಎಂದು ನಿಶ್ಚಯಿಸಿದರು. ರಕ್ತದಿಂದ ಮಲಿನವಾದ ನಾಡು ರಕ್ತ ಚೆಲ್ಲಿದವನ ರಕ್ತದಿಂದಲೇ ಶುದ್ಧವಾಗುವುದೆಂಬುದು ಅವರ ಧರ್ಮಗ್ರಂಥದಿಂದ ಅವರು ಕಂಡುಕೊಂಡ ಆಧಾರ. ರಕ್ತ ಹತ್ತಿದ ಬಟ್ಟೆಯನ್ನು ರಕ್ತದಲ್ಲಿ ಅದ್ದಿ ತೊಳೆಯುವ ಈ ಕ್ರಮದ ಬಗ್ಗೆ ಅವರಲ್ಲಿ ಹೆಚ್ಚಿನವರಿಗೆ ಸಂದೇಹವಿದ್ದಂತೆ ತೋರುವುದಿಲ್ಲ. ಡಿಸೆಂಬರ್ 5ರಂದು ಕಾಮನ್ಸ್ ಸಭೆ ದೊರೆಯೊಡನೆ ಸಂಧಿಯ ಮಾತುಕತೆ ಮುಂದುವರಿಸಬೇಕೆಂದು 129ಕ್ಕೆ 83 ಮತಗಳಿಂದ ತೀರ್ಮಾನಿಸಿತು. ಮರುದಿನ ಬೆಳಿಗ್ಗೆ ಕರ್ನಲ್ ಥಾಮಸ್ ಪ್ರೈಡ್ ಸಿಪಾಯಿಗಳೊಡನೆ ಸಭೆಯ ಬಾಗಿಲಲ್ಲಿ ನಿಂತಿದ್ದನು. ಕೆಲವರು ಬಂಧಿತರಾದರು, ನೂರಕ್ಕೂ ಹೆಚ್ಚು ಸದಸ್ಯರಿಗೆ ಪ್ರವೇಶ ತಪ್ಪಿತು. ಉಳಿದವರು ನ್ಯಾಯಾಲಯದ ರಚನೆಗೆ ಮುಂದಾದರು; ಲಾರ್ಡ್ಸ್ ಸಭೆ ನಿರಾಕರಿಸಿದಾಗ, ಜನತೆಯೇ ಅಧಿಕಾರದ ಮೂಲ, ಜನರ ಪ್ರತಿನಿಧಿಗಳಾದ ತಮ್ಮ ಮಾತೇ ಕಾನೂನು ಎಂದು ನಿರ್ಣಯಿಸಿಕೊಂಡರು. ಅವರು ಸಾರಿದ ತತ್ತ್ವ ಮುಂದೆ ಜಗತ್ತಿನ ಅನೇಕ ರಾಷ್ಟ್ರಗಳಿಗೆ ಅಡಿಪಾಯವಾಯಿತೆಂಬುದು ದಿಟ. ಸಾರಿದ ದಿನ ಮಾತ್ರ ಅದರ ಬೆನ್ನ ಹಿಂದೆ ಪ್ರೈಡನ ಸಿಪಾಯಿಗಳಿದ್ದರು.

ಹಾಗಿದ್ದರೂ ಈ ನ್ಯಾಯಾಧೀಶರ ಪಕ್ಷದಲ್ಲಿ ಹೇಳಬೇಕಾದುದುಂಟು. ಇಂಗ್ಲೆಂಡಿನಲ್ಲಿ ಅರಸರ ಕೊಲೆ ಹೊಸದಾಗಿರಲಿಲ್ಲ. ಪದಚ್ಯುತನಾದ ಎರಡನೆಯ ಎಡ್ವರ್ಡನು 1327ರಲ್ಲಿ, ಎರಡನೆಯ ರಿಚರ್ಡನು 1400ರಲ್ಲಿ ಕೋಟೆಗಳೊಳಗೆ ಸೆರೆಯಾಳುಗಳಾಗಿ ಸತ್ತರು.  ಚಾರ್ಲ್ಸನನ್ನೂ ಹಾಗೆಯೇ ಮುಗಿಸಿಬಿಡಬಹುದಾಗಿತ್ತು. ಇವರು 1649ರ ಜನವರಿ 20ರಂದು ವೆಸ್ಟ್‌ಮಿನ್‌ಸ್ಟರ್ ಹಾಲಿನ ಬಾಗಿಲುಗಳನ್ನು ಜನರಿಗೆ ತೆರೆದು, ಆರೋಪವನ್ನು ಎಲ್ಲರೆದುರು ಓದಿಸಿದರು. ಅಧ್ಯಕ್ಷನಾದ ಜಾನ್ ಬ್ರ್ಯಾಡ್‌ಷಾ ಗುಂಡಿನ ಭಯದಿಂದ ಒಳಗೆ ಉಕ್ಕಿನ ತಗಡನ್ನಿರಿಸಿದ ಟೊಪ್ಪಿಗೆಯನ್ನು ತೊಟ್ಟು ಕುಳಿತಿದ್ದನು. ತನ್ನನ್ನು ಯಾವ ಅಧಿಕಾರದಿಂದ ಇಲ್ಲಿಗೆ ಕರೆತಂದಿರಿ ಎಂದು ದೊರೆ ಕೇಳಿದನು. ಉತ್ತರ ಸಿಗುವವರೆಗೆ ಆರೋಪಕ್ಕೆ ಪ್ರತ್ಯುತ್ತರ ಕೊಡೆನೆಂದು ಹಟ ಹಿಡಿದನು. ಕಾನೂನಿಲ್ಲದ ಬಲವೇ ಕಾನೂನನ್ನು ಮಾಡುವುದಾದರೆ ಈ ನಾಡಿನಲ್ಲಿ ಯಾವ ಪ್ರಜೆಯ ಪ್ರಾಣಕ್ಕೆ ಭದ್ರತೆಯುಂಟು ಎಂಬ ಅವನ ಪ್ರಶ್ನೆಗೆ ಅಲ್ಲಿ ಸರಿಯಾದ ಉತ್ತರ ದೊರೆಯಲಿಲ್ಲ. ನ್ಯಾಯಾಲಯದ ವಿಷಯದಲ್ಲಿ ದೊರೆ ಹೇಳಿದ್ದು ಸರಿ. ದೊರೆಯ ವಿಷಯದಲ್ಲಿ ನ್ಯಾಯಾಲಯ ಹೇಳಿದ್ದರಲ್ಲಿಯೂ ಬಹುಪಾಲು ಸರಿ. ಸ್ಟ್ರಾಫರ್ಡನ ಮಸೂದೆಗೆ ಒಪ್ಪಿಗೆಯಿತ್ತವನ ಬಾಯಿಂದ ಪ್ರಜೆಯ ಭದ್ರತೆಯ ಮಾತು ಬಂದುದು ವಿಧಿಯ ವಿಲಾಸವೇ ಸರಿ.

ನಿಯಮಿತರಾದ ನ್ಯಾಯಾಧೀಶರು 135 ಮಂದಿ. ಸರ್ವಸೇನಾನಿ ಫೇರ್‌ಫ್ಯಾಕ್ಸನು ಆರಂಭದ ಒಂದು ಸಮಾಲೋಚನೆಗೆ ಬಂದವನು ಮತ್ತೆ ಅತ್ತ ಸುಳಿಯಲಿಲ್ಲ; ಅವನ ಹೆಸರನ್ನು ಕೂಗಿದಾಗ, ಇಲ್ಲಿಗೆ ಬಾರದಷ್ಟು ವಿವೇಕ ಅವನಿಗಿದೆ ಎಂದು ಮೇಲಿನ ಕಟ್ಟೆಯಿಂದ ಒಂದು ಹೆಣ್ಣುದನಿ ಕೇಳಿಬಂತು. ಅವಳು ಅವನ ಹೆಂಡತಿ. ಆದರೆ ದೂರ ಉಳಿದ ಸೇನಾನಿ ತಡೆಯಲೂ ಇಲ್ಲ. ಜನವರಿ 27ರಂದು ತೀರ್ಪಿಗೆ ಮುನ್ನ ದೊರೆ ಎರಡು ಸಭೆಗಳೆದುರು ಮಾತನಾಡಲು ಅವಕಾಶ ಬೇಡಿದಾಗ ಜಾನ್ ಡೌನ್ಸ್ ಎಂಬ ನ್ಯಾಯಾಧೀಶನ ಮನಸ್ಸು ಕಲಕಿತು. ಹತ್ತಿರದಲ್ಲಿದ್ದ ಕ್ರಾಮ್‌ವೆಲ್ಲನು ಹುಚ್ಚು ಹಿಡಿಯಿತೇ ಎಂದು ಗದರಿದರೂ ಡೌನ್ಸನು ಎದ್ದುನಿಂತು ಆಕ್ಷೇಪಿಸಿದನು. ನ್ಯಾಯಾಲಯ ಒಳಕೋಣೆಗೆ ಸರಿಯಿತು. ಅರ್ಧ ಗಂಟೆಯಲ್ಲಿ ನ್ಯಾಯಾಧೀಶರು ಹಿಂದಿರುಗಿ ತೀರ್ಪನ್ನು ಓದಿಸಿದರು. ಡೌನ್ಸನ ಸಹಿಯೂ ಮರಣಪತ್ರದಲ್ಲಿದೆ. ಅಂದು ಅವನ ಎದೆಯಲ್ಲಿ ಮಾತನಾಡಿದ್ದು ವಿಲಿಯಮ್ಸನು ದೊರೆಗೆ ಕಲಿಸಿಕೊಟ್ಟಿದ್ದ ಆ ಎರಡನೆಯ ಮನಸ್ಸಾಕ್ಷಿಯೇ ಅಲ್ಲವೇ? ಕಿರೀಟ ಹೋದರೂ ಅದು ಎಲ್ಲಿಯೂ ಹೋಗಲಿಲ್ಲ. ನ್ಯಾಯಾಧೀಶರ ಪೀಠಗಳಿಗೆ ಹಂಚಿಹೋಯಿತು.

ಮರಣಪತ್ರ ಮೂವರು ಅಧಿಕಾರಿಗಳ ಹೆಸರಿಗಿತ್ತು: ಹ್ಯಾಕರ್, ಹಂಕ್ಸ್ ಮತ್ತು ಫೇರ್. 30ರಂದು ವಧಕಾರನಿಗೆ ಕೊಡಬೇಕಾದ ಆಜ್ಞೆಗೆ ಸಹಿ ಹಾಕೆಂದು ಕ್ರಾಮ್‌ವೆಲ್ಲನು ಹಂಕ್ಸನಿಗೆ ಹೇಳಿದಾಗ ಅವನು ಒಪ್ಪಲಿಲ್ಲ. ಕ್ರಾಮ್‌ವೆಲ್ಲನು ಸಿಡುಕಿ, ಬಾಗಿಲ ಬಳಿಯ ಮೇಜಿನಲ್ಲಿ ತಾನೇ ಆಜ್ಞೆಯನ್ನು ಬರೆದನು. ಹ್ಯಾಕರ್ ಸಹಿ ಹಾಕಿದನು. ಕೆಲವು ಹೊತ್ತಿನಲ್ಲಿ ಅಟ್ಟಣೆಯ ಮೇಲೆ ಇಬ್ಬರು ಕಾಣಿಸಿಕೊಂಡರು, ಮುಖಕ್ಕೆ ಮುಸುಕು, ತಲೆಗೆ ಕೃತಕ ಕೂದಲು. ಎಲ್ಲವೂ ಬಹಿರಂಗವೆಂದು ಹೆಮ್ಮೆಪಟ್ಟವರ ಕಾರ್ಯದ ಕಟ್ಟಕಡೆಯ ಕೈಗೆ ಮಾತ್ರ ಮುಖವಿರಲಿಲ್ಲ. ಆ ಕೈ ಯಾರದೆಂದು ಇಂದಿಗೂ ನಿಶ್ಚಯವಾಗಿಲ್ಲ. ಒಂದೇ ಏಟು. ಅಂಥ ನರಳಿಕೆಯನ್ನು ಹಿಂದೆಂದೂ ಕೇಳಿರಲಿಲ್ಲ, ಮುಂದೆಂದೂ ಕೇಳದಿರಲಿ ಎಂದು ಜನಸಂದಣಿಯಲ್ಲಿದ್ದ ಫಿಲಿಪ್ ಹೆನ್ರಿ ಎಂಬ ತರುಣ ವಿದ್ಯಾರ್ಥಿ ಬರೆದಿಟ್ಟಿದ್ದಾನೆ.

ಹನ್ನೊಂದು ವರ್ಷಗಳ ಮೇಲೆ, 1660ರಲ್ಲಿ, ಸತ್ತ ದೊರೆಯ ಮಗ ಸಿಂಹಾಸನಕ್ಕೆ ಮರಳಿದಾಗ ಲೆಕ್ಕ ತಿರುಗಿತು. ಆ ಅಕ್ಟೋಬರಿನಲ್ಲಿ ಹತ್ತು ಮಂದಿಗೆ ಮರಣದಂಡನೆಯಾಯಿತು. ಥಾಮಸ್ ಹ್ಯಾರಿಸನ್ನನು, ತಾವು ಮಾಡಿದ್ದು ಮೂಲೆಯಲ್ಲಿ ಅಡಗಿ ಮಾಡಿದ ಕೆಲಸವಲ್ಲವೆಂದು ನ್ಯಾಯಾಲಯದಲ್ಲಿ ಹೇಳಿ ಸತ್ತನು. ರಿಚರ್ಡ್ ಇಂಗೋಲ್ಡ್ಸ್‌ಬಿಯು, ಕ್ರಾಮ್‌ವೆಲ್ಲನು ತನ್ನ ಕೈಹಿಡಿದು ಬಲವಂತವಾಗಿ ಸಹಿ ಮಾಡಿಸಿದನೆಂದು ಹೇಳಿ ಬದುಕಿದನು. ಪತ್ರದಲ್ಲಿ ಅವನ ಸಹಿ ನಡುಕವಿಲ್ಲದೆ ಸ್ಪಷ್ಟವಾಗಿದೆ. ಡೌನ್ಸನು ತನ್ನ ಅಂದಿನ ಆಕ್ಷೇಪವನ್ನು ಹೇಳಿಕೊಂಡು ಪ್ರಾಣ ಉಳಿಸಿಕೊಂಡನಾದರೂ ಸೆರೆಯಿಂದ ಹೊರಬರಲಿಲ್ಲ. 1661ರ ಜನವರಿ 30ರಂದು, ಅದೇ ದಿನವನ್ನು ಆರಿಸಿ, ಕ್ರಾಮ್‌ವೆಲ್ ಮತ್ತು ಬ್ರ್ಯಾಡ್‌ಷಾರ ಹೂತ ಶವಗಳನ್ನು ಅಗೆದು ತೆಗೆದು ನೇಣುಗಂಬಕ್ಕೆ ತೂಗಹಾಕಿದರು. ಹೆಣಕ್ಕೂ ದಂಡನೆಯುಂಟೆಂದು ನಂಬಿದವರ ಕ್ರೋಧ ಎಷ್ಟು ಕುರುಡೆಂಬುದಕ್ಕೆ ಬೇರೆ ಸಾಕ್ಷಿ ಬೇಡ.

ಸಹಿ ಹಾಕಲು ಒಪ್ಪದಿದ್ದ ಹಂಕ್ಸನೂ ಆ ಅಕ್ಟೋಬರಿನಲ್ಲಿ ನ್ಯಾಯಾಲಯಕ್ಕೆ ಬಂದನು, ಆದರೆ ಆರೋಪಿಯಾಗಿ ಅಲ್ಲ. ಆ ದಿನ ಕೋಣೆಯಲ್ಲಿ ಯಾರು ಯಾರಿದ್ದರು, ಯಾರು ಬರೆದರು, ಯಾರು ಸಹಿ ಹಾಕಿದರು ಎಂಬುದನ್ನೆಲ್ಲ ಅವನೇ ಸಾಕ್ಷಿಯಾಗಿ ನಿಂತು ಹೇಳಿದನು. ಅವನ ಸಾಕ್ಷ್ಯದ ಬಲದಿಂದ ಹ್ಯಾಕರನ ಅಪರಾಧ ಸ್ಥಾಪಿತವಾಯಿತು. ಹ್ಯಾಕರನನ್ನು ಅಕ್ಟೋಬರ್ 19ರಂದು ಗಲ್ಲಿಗೇರಿಸಿದರು. ಹಂಕ್ಸನು ಮನೆಗೆ ಹೋದನು.